ಅನಾನಸ್ ಜೆಲ್ಲಿ ಯಾಕೆ ಗಟ್ಟಿಯಾಗಲ್ಲ?

ಅಂಗಡಿಯ ಜೆಲ್ಲಿ ಪೊಟ್ಟಣದ ಮೇಲೆ ಹಣ್ಣಿನ ಚಿತ್ರ ಇರುತ್ತದೆ. ಒಳಗೆ ಸಾಮಾನ್ಯವಾಗಿ ಇರುವುದು ಸಕ್ಕರೆ, ಹುಳಿ, ಬಣ್ಣ, ಪರಿಮಳ ಮತ್ತು ನೀರನ್ನು ಹಿಡಿದು ನಿಲ್ಲಿಸುವ ಒಂದು ಪುಡಿ. ಹಾಗಾಗಿ ಮನೆಯಲ್ಲೇ, ನಿಜವಾದ ಹಣ್ಣಿನಿಂದ ಮಾಡೋಣ ಅನ್ನಿಸುವುದು ಸಹಜ. ಮೂಸಂಬಿ ರಸ ಹಿಂಡಿ, ಜೆಲಟಿನ್ ಕರಗಿಸಿ, ಫ್ರಿಜ್ಜಿನಲ್ಲಿಟ್ಟರೆ ನಾಲ್ಕೈದು ಗಂಟೆಯಲ್ಲಿ ಚೆನ್ನಾಗಿ ನಡುಗುವ ಜೆಲ್ಲಿ ಸಿಗುತ್ತದೆ. ದ್ರಾಕ್ಷಿ, ದಾಳಿಂಬೆ, ಕಲ್ಲಂಗಡಿ ರಸಕ್ಕೂ ತೊಂದರೆಯಿಲ್ಲ.

ಅದೇ ಧೈರ್ಯದಲ್ಲಿ ಅನಾನಸ್ ಹಿಡಿದರೆ ಕತೆ ಬೇರೆ. ರಾತ್ರಿಯಿಡೀ ಫ್ರಿಜ್ಜಿನಲ್ಲಿಟ್ಟು ಬೆಳಿಗ್ಗೆ ತೆಗೆದು ನೋಡಿದರೆ ಶರಬತ್ತು ಶರಬತ್ತಾಗಿಯೇ ಇರುತ್ತದೆ. ಜೆಲಟಿನ್ ಹಳೆಯದಿರಬೇಕು, ಕಡಿಮೆ ಆಯಿತೇನೋ, ಫ್ರಿಜ್ಜು ಸರಿಯಿಲ್ಲ ಅಂತೆಲ್ಲ ಅನುಮಾನ ಬರುತ್ತದೆ. ಎರಡು ಪಟ್ಟು ಜಾಸ್ತಿ ಹಾಕಿ ನೋಡಿ, ಆಗಲೂ ಅಷ್ಟೇ. ಇಲ್ಲಿ ಕೆಲಸ ಕೆಡಿಸುತ್ತಿರುವುದು ಹಣ್ಣೇ.

ಜೆಲಟಿನ್ ಎಂಬುದು ಪ್ರೋಟೀನ್. ದನ, ಹಂದಿ, ಮೀನಿನಂಥ ಪ್ರಾಣಿಗಳ ಚರ್ಮ, ಮೂಳೆಗಳಲ್ಲಿ ಕೊಲಾಜೆನ್ ಎಂಬ ಗಟ್ಟಿ ಪ್ರೋಟೀನ್ ಇರುತ್ತದೆ. ಅದನ್ನು ಆಮ್ಲ ಅಥವಾ ಸುಣ್ಣದಲ್ಲಿ ನೆನೆಸಿ, ಬಿಸಿ ನೀರಿನಲ್ಲಿ ಕರಗಿಸಿ ತೆಗೆದದ್ದೇ ಜೆಲಟಿನ್. ಕೊಲಾಜೆನ್ನಿನ ರಚನೆ ಹೆಣ್ಣುಮಕ್ಕಳ ಜಡೆಯಂತೆ: ಮೂರು ಎಳೆಗಳು ಒಂದಕ್ಕೊಂದು ಹೆಣೆದುಕೊಂಡಿರುತ್ತವೆ. ಪ್ರತಿ ಎಳೆಯಲ್ಲೂ ಮೂರಕ್ಕೊಂದರಂತೆ ಗ್ಲೈಸಿನ್ ಎಂಬ ಅಮೈನೊ ಆಮ್ಲ ಬರುತ್ತದೆ. ಅಮೈನೊ ಆಮ್ಲಗಳಲ್ಲೆಲ್ಲ ಚಿಕ್ಕದು ಅದೇ. ಜಡೆಯ ಒಳಗಿನ ಇಕ್ಕಟ್ಟಿಗೆ ಬೇರೆ ಯಾವುದೂ ಹಿಡಿಸುವುದಿಲ್ಲ.

ಬಿಸಿ ಮಾಡಿದಾಗ ಆ ಜಡೆ ಬಿಚ್ಚಿ ಎಳೆಗಳು ನೀರಿನಲ್ಲಿ ಬೇರೆಬೇರೆಯಾಗಿ ತೇಲುತ್ತವೆ. ತಣ್ಣಗಾದಾಗ ಮತ್ತೆ ಹೆಣೆದುಕೊಳ್ಳಲು ಹೋಗುತ್ತವೆ, ಆದರೆ ಮೊದಲಿನಷ್ಟು ಅಚ್ಚುಕಟ್ಟಾಗಿ ಅಲ್ಲ. ಒಂದು ಎಳೆ ಇಲ್ಲಿ ಒಂದರ ಜೊತೆ, ಇನ್ನೊಂದು ತುದಿಯಲ್ಲಿ ಮತ್ತೊಂದರ ಜೊತೆ ಸಿಕ್ಕಿಹಾಕಿಕೊಳ್ಳುತ್ತದೆ. ಹೀಗೆ ಪಾತ್ರೆಯ ತುಂಬ ಒಂದು ಬಲೆಯೇ ಎದ್ದು ನಿಲ್ಲುತ್ತದೆ. ಅದರ ಕಣ್ಣುಗಳಲ್ಲಿ ನೀರು ಸಿಕ್ಕಿಕೊಳ್ಳುತ್ತದೆ. ನೂರು ಪಾಲಿನಲ್ಲಿ ಎರಡು ಪಾಲು ಜೆಲಟಿನ್ ಇದ್ದರೂ ಸಾಕು, ಉಳಿದ ನೀರು, ಸಕ್ಕರೆ, ರಸ ಎಲ್ಲ ಅಲುಗಾಡದೆ ಕೂರುತ್ತವೆ.

ಬಲೆ ಹೆಣೆಯಲು ಉದ್ದನೆಯ ಎಳೆ ಬೇಕು. ಅನಾನಸ್ಸಿನಲ್ಲಿ ಬ್ರೊಮೆಲೈನ್ ಎಂಬ ಕಿಣ್ವಗಳ ಗುಂಪು ಇದೆ. ಪ್ರೋಟೀನಿನ ಎಳೆಗಳನ್ನು ತುಂಡರಿಸುವುದೇ ಅವುಗಳ ಕೆಲಸ. ಎಳೆ ಚೂರುಚೂರಾದ ಮೇಲೆ ಎಷ್ಟು ತಣ್ಣಗಾದರೂ ಬಲೆ ಕೂಡುವುದಿಲ್ಲ. ಕಿಣ್ವ ಕೆಲಸ ಮಾಡಿ ಖರ್ಚಾಗುವುದೂ ಇಲ್ಲ. ಒಂದು ಎಳೆ ಕತ್ತರಿಸಿ ಮುಂದಿನದಕ್ಕೆ ಹೋಗುತ್ತದೆ. ಜೆಲಟಿನ್ ಎರಡು ಪಟ್ಟು ಮಾಡಿದರೂ ಪ್ರಯೋಜನವಾಗದೆ ಇರುವುದು ಅದಕ್ಕೇ.

ಇದನ್ನು ಕಣ್ಣಾರೆ ನೋಡಬೇಕಾದರೆ ಸುಮ್ನೆ ಒಂದು ಪ್ರಯೋಗ ಮಾಡಿ. ಮೂಸಂಬಿ ಜೆಲ್ಲಿಯನ್ನು ಅಗಲವಾದ ತಟ್ಟೆಯಲ್ಲಿ ಪೂರ್ತಿ ಗಟ್ಟಿಯಾಗಲು ಬಿಡಿ. ಅದರ ಮೇಲೆ ಒಂದು ಕಡೆ ಹಸಿ ಅನಾನಸ್ ಚೂರು, ಇನ್ನೊಂದು ಕಡೆ ಸೇಬಿನ ಚೂರು ಇಡಿ. ಸ್ವಲ್ಪ ಹೊತ್ತಿಗೆ ಅನಾನಸ್ ಸುತ್ತ ಒದ್ದೆ ಅಂಚು ಕಾಣಿಸುತ್ತದೆ. ಆಮೇಲೆ ಚೂರಿನ ಕೆಳಗೆ ಗುಳಿ ಬೀಳುತ್ತದೆ, ಹಣ್ಣು ನಿಧಾನವಾಗಿ ಆ ಗುಳಿಗೆ ಇಳಿಯುತ್ತದೆ. ತಟ್ಟೆ ಓರೆ ಮಾಡಿದರೆ ಅಲ್ಲಿಂದ ತೆಳ್ಳನೆ ನೀರು ಹರಿಯುತ್ತದೆ. ಸೇಬಿನ ಚೂರು ಮಾತ್ರ ಇಟ್ಟಲ್ಲೇ ಕೂತಿರುತ್ತದೆ. ಹೈಸ್ಕೂಲು ಮಕ್ಕಳಿಗೆ ಕಿಣ್ವ ಅಂದರೇನು ಎಂದು ತೋರಿಸಲು ಇದಕ್ಕಿಂತ ಅಗ್ಗದ ಪಾಠ ನನಗೆ ಗೊತ್ತಿಲ್ಲ.

ಅನಾನಸ್ ಒಂದೇ ಅಲ್ಲ. ಪಪ್ಪಾಯಿಯಲ್ಲಿ ಪಪೈನ್, ಕಿವಿ ಹಣ್ಣಿನಲ್ಲಿ ಆಕ್ಟಿನಿಡಿನ್, ಹಸಿ ಅಂಜೂರದಲ್ಲಿ ಫಿಸಿನ್ ಇವೆ. ಹಸಿ ಶುಂಠಿಯಲ್ಲೂ ಇಂಥದ್ದೇ ಒಂದು ಕಿಣ್ವ ಇದೆ. ಮಟನ್ ಬೇಗ ಬೇಯಲಿ ಎಂದು ಪಪ್ಪಾಯಿ ಕಾಯಿ ಅರೆದು ಹಚ್ಚುತ್ತಾರಲ್ಲ, ಆ ಅಡುಗೆಯವರು ಬಳಸುವುದು ಇದೇ ಗುಣವನ್ನು. ಮಾಂಸವನ್ನು ಬಿಗಿಯಾಗಿ ಹಿಡಿದಿರುವ ಪ್ರೋಟೀನ್‌ಗಳನ್ನು ಪಪೈನ್ ಸಡಿಲ ಮಾಡುತ್ತದೆ. ಬಿರಿಯಾನಿಗೆ ಉಪಕಾರ ಮಾಡುವುದು ಜೆಲ್ಲಿಗೆ ಅಪಕಾರ, ಅಷ್ಟೇ ವ್ಯತ್ಯಾಸ. ಅನಾನಸ್ ಜಾಸ್ತಿ ತಿಂದಾಗ ನಾಲಿಗೆ ಉರಿಯುವುದರಲ್ಲೂ ಬ್ರೊಮೆಲೈನ್ ಪಾಲಿದೆ. ಹಣ್ಣಿನ ಹುಳಿ ಮತ್ತು ಅದರಲ್ಲಿರುವ ಸೂಜಿಯಂಥ ಸಣ್ಣ ಹರಳುಗಳೂ ಅದಕ್ಕೆ ಸೇರಿಕೊಳ್ಳುತ್ತವೆ. ನಾವು ಅನಾನಸ್ ತಿನ್ನುವಾಗ ಅನಾನಸ್ಸೂ ನಮ್ಮನ್ನು ಸ್ವಲ್ಪ ತಿನ್ನುತ್ತದೆ ಎಂದು ತಮಾಷೆಗೆ ಹೇಳುವುದುಂಟು.

ಕಿಣ್ವಗಳೂ ಪ್ರೋಟೀನ್‌ಗಳೇ ಆದ್ದರಿಂದ ಬಿಸಿಗೆ ಕೆಡುತ್ತವೆ. ಅನಾನಸ್ ಚೂರುಗಳನ್ನು ಅದರದೇ ರಸದಲ್ಲಿ ಐದಾರು ನಿಮಿಷ ಚೆನ್ನಾಗಿ ಕುದಿಸಿ ಆರಿಸಿದರೆ ಜೆಲಟಿನ್ ತಕರಾರಿಲ್ಲದೆ ಗಟ್ಟಿಯಾಗುತ್ತದೆ. ಡಬ್ಬಿಯಲ್ಲಿ ಬರುವ ಅನಾನಸ್‌ನಿಂದ ತೊಂದರೆ ಆಗದಿರುವುದೂ ಇದೇ ಕಾರಣಕ್ಕೆ. ಡಬ್ಬಿಗೆ ತುಂಬುವಾಗ ಅದನ್ನು ಬಿಸಿ ಮಾಡಿರುತ್ತಾರೆ. ಫ್ರೀಜರಿನಲ್ಲಿಟ್ಟರೆ ಮಾತ್ರ ಕಿಣ್ವ ಸಾಯುವುದಿಲ್ಲ, ಕರಗಿದ ಮೇಲೆ ಮತ್ತೆ ಕೆಲಸಕ್ಕೆ ಇಳಿಯುತ್ತದೆ. ಪಪೈನ್ ಇನ್ನೂ ಗಟ್ಟಿ ಪಿಂಡ. ಬಿಸಿಯನ್ನು ಬ್ರೊಮೆಲೈನ್‌ಗಿಂತ ಜಾಸ್ತಿ ತಡೆದುಕೊಳ್ಳುತ್ತದೆ.

ಆದರೆ ಬನವಾಸಿ ಕಡೆಯ ಅನಾನಸ್ ತಂದು, ಸಿಪ್ಪೆ ತೆಗೆದು, ಕಣ್ಣು ಕೆತ್ತಿ, ಆಮೇಲೆ ಕುದಿಸುವುದೆಂದರೆ ಮನಸ್ಸು ಬರಬೇಕಲ್ಲ. ಗೊಜ್ಜಿಗೆ, ಕೇಸರಿಬಾತಿಗೆ ಸರಿ. ಜೆಲ್ಲಿಗೆ ಬೇಕಾಗಿದ್ದು ಹಸಿ ಹಣ್ಣಿನ ಪರಿಮಳ. ಕುದಿಸಿದರೆ ಮೊದಲು ಹಾರಿಹೋಗುವುದೇ ಅದು.

ಇಲ್ಲಿ ನೆರವಿಗೆ ಬರುವುದು ಚೈನಾ ಗ್ರಾಸ್. ದಿನಸಿ ಅಂಗಡಿಯಲ್ಲಿ ಬಿಳಿ ಪ್ಲಾಸ್ಟಿಕ್ ಪಟ್ಟಿಗಳಂತೆ ಕಾಣುವ, ಹಗುರವಾದ ವಸ್ತು. ಪುಡಿಯಾಗಿಯೂ ಬರುತ್ತದೆ. ಹೆಸರಿನಲ್ಲಿ ಹುಲ್ಲಿದ್ದರೂ ಇದು ಸಮುದ್ರದ ಕೆಂಪು ಪಾಚಿಯಿಂದ ಬರುವ ಅಗರ್. ಇದರ ಎಳೆಗಳು ಪ್ರೋಟೀನ್ ಅಲ್ಲ, ಸಕ್ಕರೆಯ ಕಣಗಳು ಸಾಲಾಗಿ ಕೂಡಿ ಆದದ್ದು. ಪ್ರೋಟೀನ್ ಕತ್ತರಿಸುವ ಬ್ರೊಮೆಲೈನ್‌ಗೆ ಇವುಗಳನ್ನು ಮುಟ್ಟಲೂ ಆಗುವುದಿಲ್ಲ. ಹಾಗಾಗಿ ಹಸಿ ಅನಾನಸ್, ಹಸಿ ಪಪ್ಪಾಯಿ, ಕಿವಿ ಯಾವುದನ್ನು ಹಾಕಿದರೂ ಜೆಲ್ಲಿ ಗಟ್ಟಿಯಾಗುತ್ತದೆ.

ಅಡುಗೆಮನೆಯ ಈ ತಿಳಿವಳಿಕೆ ಒಮ್ಮೆ ವೈದ್ಯವಿಜ್ಞಾನದ ದಾರಿಯನ್ನೇ ಬದಲಿಸಿತು. 1881ರಲ್ಲಿ ಬರ್ಲಿನ್ನಿನಲ್ಲಿ, ರೋಗ ತರುವ ಬ್ಯಾಕ್ಟೀರಿಯಾಗಳ ಅಧ್ಯಯನಕ್ಕೆ ಹೆಸರಾದ ರಾಬರ್ಟ್ ಕಾಕ್ ಅವರ ಪ್ರಯೋಗಾಲಯಕ್ಕೆ ವಾಲ್ಟರ್ ಹೆಸ್ಸೆ ಎಂಬ ವೈದ್ಯ ಸೇರಿದರು. ಗಾಳಿಯಲ್ಲಿರುವ ಸೂಕ್ಷ್ಮಜೀವಿಗಳನ್ನು ಹಿಡಿದು ಬೆಳೆಸುವುದು ಅವರ ಕೆಲಸ. ಆಗ ಬ್ಯಾಕ್ಟೀರಿಯಾ ಬೆಳೆಸಲು ಮಾಂಸದ ಸಾರಿಗೆ ಜೆಲಟಿನ್ ಸೇರಿಸಿ ಗಟ್ಟಿ ಮಾಡುತ್ತಿದ್ದರು. ಅದರಲ್ಲಿ ಎರಡು ಕಷ್ಟ. ಬೇಸಿಗೆ ಬಂದರೆ ಜೆಲಟಿನ್ ಕರಗಿ ನೀರಾಗುತ್ತಿತ್ತು. ಬಿಸಿಲಿಲ್ಲದಿದ್ದರೂ ಎಷ್ಟೋ ಬ್ಯಾಕ್ಟೀರಿಯಾಗಳು ತಮ್ಮ ಕಿಣ್ವಗಳಿಂದ ಜೆಲಟಿನ್ನನ್ನೇ ಜೀರ್ಣ ಮಾಡಿ, ತಾವು ಕೂತ ಜಾಗವನ್ನೇ ಕರಗಿಸಿಕೊಳ್ಳುತ್ತಿದ್ದವು. ಅನಾನಸ್ ಮಾಡುವುದೂ ಇದೇ ತಾನೇ?

ವಾಲ್ಟರ್ ಅವರ ಹೆಂಡತಿ ಫ್ಯಾನಿ ಹೆಸ್ಸೆ ಹುಟ್ಟಿದ್ದು ಅಮೆರಿಕದಲ್ಲಿ. ಗಂಡನ ಪ್ರಯೋಗಗಳಿಗೆ ಸಹಾಯ ಮಾಡುತ್ತಿದ್ದರು, ಸೂಕ್ಷ್ಮದರ್ಶಕದಲ್ಲಿ ಕಂಡದ್ದನ್ನು ಚಿತ್ರ ಬರೆಯುತ್ತಿದ್ದರು. ಬೇಸಿಗೆಯಲ್ಲೂ ನಿಮ್ಮ ಜೆಲ್ಲಿ, ಪುಡ್ಡಿಂಗ್ ಹೇಗೆ ಗಟ್ಟಿಯಾಗಿರುತ್ತದೆ ಎಂದು ಗಂಡ ಕೇಳಿದಾಗ ಅವರು ಅಗರ್ ಬಗ್ಗೆ ಹೇಳಿದರಂತೆ. ಜಾವಾದಲ್ಲಿ ಇದ್ದು ಬಂದಿದ್ದ ನೆರೆಮನೆಯವರಿಂದ ಚಿಕ್ಕವರಿದ್ದಾಗಲೇ ಅದನ್ನು ಕಲಿತಿದ್ದರು. ಪ್ರಯೋಗಾಲಯದಲ್ಲಿ ಅಗರ್ ಹಾಕಿ ನೋಡಿದರು, ಎರಡೂ ಕಷ್ಟ ಒಂದೇ ಸಲ ಹೋದವು. ದೇಹದ ಬಿಸಿಯಾದ 37 ಡಿಗ್ರಿಯಲ್ಲೂ ಅದು ಗಟ್ಟಿಯಾಗಿ ನಿಂತಿತು, ಬಹುಪಾಲು ಬ್ಯಾಕ್ಟೀರಿಯಾಗಳಿಗೆ ಅದನ್ನು ಜೀರ್ಣ ಮಾಡಲೂ ಆಗಲಿಲ್ಲ. 1882ರಲ್ಲಿ ಕಾಕ್ ಕ್ಷಯದ ಬ್ಯಾಕ್ಟೀರಿಯಾ ಬಗ್ಗೆ ಬರೆದ ಪ್ರಸಿದ್ಧ ಲೇಖನದಲ್ಲಿ ಅಗರ್ ಪ್ರಸ್ತಾಪ ಇದೆ, ಹೆಸ್ಸೆ ದಂಪತಿಯ ಹೆಸರಿಲ್ಲ. ಕೆಲವೇ ವರ್ಷಗಳ ನಂತರ ಅದೇ ಗುಂಪಿನ ಪೆಟ್ರಿ ಒಂದು ಮುಚ್ಚಳದ ತಟ್ಟೆ ರೂಪಿಸಿದರು, ಇವತ್ತಿಗೂ ಅದು ಪೆಟ್ರಿ ತಟ್ಟೆ. ತಟ್ಟೆಗೆ ಹೆಸರು ಸಿಕ್ಕಿತು, ಅದರೊಳಗಿನ ಜೆಲ್ಲಿ ಕೊಟ್ಟ ಹೆಂಗಸಿಗೆ ಸಿಗಲಿಲ್ಲ.

ಅಗರ್‌ಗೆ ಇನ್ನೊಂದು ವಿಚಿತ್ರ ಗುಣ ಇದೆ. ಗಟ್ಟಿಯಾಗುವುದು ಸುಮಾರು 35ರಿಂದ 40 ಡಿಗ್ರಿಗೆ. ಒಮ್ಮೆ ಗಟ್ಟಿಯಾದ ಮೇಲೆ ಮತ್ತೆ ಕರಗಬೇಕಾದರೆ 85 ಡಿಗ್ರಿ ದಾಟಬೇಕು. ಜೆಲಟಿನ್ ಹಾಗಲ್ಲ, 30 ದಾಟಿದ ಮೇಲೆ ಸಡಿಲವಾಗುತ್ತಾ ಹೋಗಿ 35ರ ಹೊತ್ತಿಗೆ ನೀರಾಗುತ್ತದೆ. ಮೇ ತಿಂಗಳಲ್ಲಿ ರಾಯಚೂರು, ಕಲಬುರಗಿಯಲ್ಲಿ 40ರ ಮೇಲೆ ಬಿಸಿಲಿರುವಾಗ ಜೆಲಟಿನ್ ಜೆಲ್ಲಿಯನ್ನು ಫ್ರಿಜ್ಜಿನಿಂದ ತೆಗೆದು, ನೆಂಟರನ್ನು ಕರೆದು ಕೂರಿಸುವಷ್ಟರಲ್ಲಿ ಅದು ಕುಡಿಯುವ ಪದಾರ್ಥವಾಗಿರುತ್ತದೆ. ಚೈನಾ ಗ್ರಾಸ್ ಜೆಲ್ಲಿ ಆ ಬಿಸಿಲಲ್ಲೂ ಚಾಕುವಿನಲ್ಲಿ ಕತ್ತರಿಸಿದ ಆಕಾರದಲ್ಲೇ ಇರುತ್ತದೆ.

ಮಾಡುವ ವಿಧಾನದಲ್ಲೂ ಎರಡೂ ತದ್ವಿರುದ್ಧ. ಜೆಲಟಿನ್ನನ್ನು ತಣ್ಣೀರಿನಲ್ಲಿ ಐದು ನಿಮಿಷ ಉಬ್ಬಲು ಬಿಟ್ಟು ಬಿಸಿ ನೀರಿನಲ್ಲಿ ಕರಗಿಸಬೇಕು, ಕುದಿಸಬಾರದು. ತುಂಬ ಹೊತ್ತು ಕುದಿಸಿದರೆ ಎಳೆಗಳು ತುಂಡಾಗಿ ಬಲೆ ದುರ್ಬಲವಾಗುತ್ತದೆ. ಚೈನಾ ಗ್ರಾಸ್ ಕುದಿಯದಿದ್ದರೆ ಕರಗುವುದೇ ಇಲ್ಲ. ಒಂದು ಲೀಟರ್ ಜೆಲ್ಲಿಗೆ 10 ಗ್ರಾಂ ಪಟ್ಟಿ ಸಾಕು. ಅದನ್ನು ಕತ್ತರಿಸಿ ಅರ್ಧ ಲೀಟರ್ ನೀರಿನಲ್ಲಿ ಅರ್ಧ ಗಂಟೆ ನೆನೆಸಿ, ಸಣ್ಣ ಉರಿಯಲ್ಲಿ ಕೈಯಾಡಿಸುತ್ತಾ ಕುದಿಸಬೇಕು. ಸೌಟು ಎತ್ತಿ ಬೆಳಕಿಗೆ ಹಿಡಿದರೆ ಅದರ ಬೆನ್ನಿನ ಮೇಲೆ ಒಂದು ಎಳೆಯೂ ಕಾಣಬಾರದು. ಕಂಡರೆ ಇನ್ನಷ್ಟು ಕುದಿಸಿ. ಸಕ್ಕರೆ ಹಾಕುವುದು ಪೂರ್ತಿ ಕರಗಿದ ಮೇಲೆ, ಮುಂಚೆ ಹಾಕಿದರೆ ಕರಗಲು ಸತಾಯಿಸುತ್ತದೆ.

ಹಣ್ಣಿನ ರಸ ಸೇರಿಸುವುದು ಒಲೆ ಆರಿಸಿದ ಮೇಲೆ. ಇದಕ್ಕೆ ಕಾರಣ ಕಿಣ್ವ ಅಲ್ಲ, ಹುಳಿ. ನಿಂಬೆ, ಕಿತ್ತಳೆ, ಅನಾನಸ್ಸಿನಂಥ ಹುಳಿ ರಸದ ಜೊತೆ ಕುದಿಸಿದರೆ ಆಮ್ಲವೇ ಅಗರ್ ಎಳೆಗಳನ್ನು ಮುರಿಯುತ್ತದೆ. ಅದಕ್ಕೇ ಅಗರ್ ಬೇರೆ ಕುದಿಸಿ, ಬೆಂಕಿಯಿಂದ ಇಳಿಸಿ, ಆಮೇಲೆ ಅರ್ಧ ಲೀಟರ್ ರಸ ಬೆರೆಸುವುದು. ಆ ರಸ ಫ್ರಿಜ್ಜಿನಿಂದ ಆಗಷ್ಟೇ ತೆಗೆದದ್ದಾಗಿರಬಾರದು. ತಣ್ಣನೆ ರಸ ಬಿದ್ದ ಕೂಡಲೇ ಅಗರ್ ಅಲ್ಲಲ್ಲೇ ಗಟ್ಟಿಯಾಗಿ ಒಡೆದ ಹಾಲಿನಂತೆ ಎಳೆಎಳೆಯಾಗುತ್ತದೆ. ಪಾತ್ರೆಯನ್ನು ಬಿಸಿನೀರಿನಲ್ಲಿ ಸ್ವಲ್ಪ ಹೊತ್ತಿಟ್ಟು ರಸವನ್ನು ಉಗುರುಬೆಚ್ಚಗೆ ಮಾಡಿಕೊಂಡರೆ ಸಲೀಸು. ಬೆರೆಸಿದ ಮೇಲೆ ತಡ ಮಾಡದೆ ತಟ್ಟೆಗೆ ಹುಯ್ಯಿರಿ. ಅರ್ಧ ಗಂಟೆಯಲ್ಲಿ ಅಡುಗೆಕಟ್ಟೆಯ ಮೇಲೇ ಗಟ್ಟಿಯಾಗುತ್ತದೆ, ಫ್ರಿಜ್ಜು ಬೇಕಾಗುವುದು ತಂಪಿಗೆ ಮಾತ್ರ. ಮಾರನೇ ದಿನಕ್ಕೆ ಉಳಿಸಿದರೆ ಸುತ್ತ ಸ್ವಲ್ಪ ನೀರು ಬಿಡುತ್ತದೆ. ಬಲೆ ತಾನಾಗಿ ಬಿಗಿಯುತ್ತಾ ಒಳಗಿನ ನೀರನ್ನು ಹಿಂಡುವುದರಿಂದ ಹಾಗಾಗುತ್ತದೆ, ಕೆಟ್ಟಿದೆ ಅಂತಲ್ಲ.

ಇಷ್ಟೆಲ್ಲ ಹೊಗಳಿದರೂ ಒಂದು ವಿಷಯದಲ್ಲಿ ಜೆಲಟಿನ್ ಮುಂದಿದೆ. ಅದು ಕರಗುವ ಬಿಸಿಯೂ ನಮ್ಮ ಬಾಯಿಯ ಬಿಸಿಯೂ ಹೆಚ್ಚುಕಡಿಮೆ ಒಂದೇ. ನಾಲಿಗೆ ಮೇಲಿಟ್ಟರೆ ಕರಗಿ ಪರಿಮಳವನ್ನೆಲ್ಲ ಒಮ್ಮೆಲೇ ಬಿಟ್ಟುಕೊಡುತ್ತದೆ. ಅಗರ್ ಕರಗುವುದಿಲ್ಲ, ಹಲ್ಲಿಗೆ ಸಿಕ್ಕಿ ಕಚ್ಚನೆ ತುಂಡಾಗುತ್ತದೆ. ಆ ಸುಖ ಬೇಕೆನ್ನುವವರು ಮೂಸಂಬಿ, ದ್ರಾಕ್ಷಿಗೆ ಜೆಲಟಿನ್ ಇಟ್ಟುಕೊಳ್ಳಲಿ. ಸಸ್ಯಾಹಾರಿಗಳ ಮನೆಗೆ ಆ ಆಯ್ಕೆ ಇಲ್ಲ. ಪೊಟ್ಟಣ ಕೊಳ್ಳುವವರು ಹಸಿರು ಗುರುತು ನೋಡುವುದು ಒಳ್ಳೆಯದು. ಹಸಿರು ಗುರುತಿನ ಜೆಲ್ಲಿ ಪುಡಿಗಳಲ್ಲಿ ಸಾಮಾನ್ಯವಾಗಿ ಇರುವುದು ಕ್ಯಾರಗೀನನ್, ಅದೂ ಕೆಂಪು ಪಾಚಿಯದೇ.

ಹೆಸರು ಚೈನಾದ್ದಾದರೂ ಈ ಪಾಚಿ ನಮ್ಮ ಪಕ್ಕದಲ್ಲೇ ಇದೆ. ತಮಿಳುನಾಡಿನ ರಾಮನಾಥಪುರಂ ಜಿಲ್ಲೆಯ ಕರಾವಳಿಯಲ್ಲಿ ಹೆಂಗಸರು ಸಮುದ್ರಕ್ಕೆ ಧುಮುಕಿ, ಬಂಡೆಗಳಿಗೆ ಅಂಟಿದ ಪಾಚಿಯನ್ನು ಕೈಯಲ್ಲೇ ಕಿತ್ತು ತರುತ್ತಾರೆ. ಬೆರಳಿಗೆ ಬಟ್ಟೆ ಸುತ್ತಿಕೊಂಡು ಉಸಿರು ಬಿಗಿಹಿಡಿದು ಮಾಡುವ ಕೆಲಸ ಅದು. ಇನ್ನು ನೀರನ್ನು ಹಿಡಿದು ನಿಲ್ಲಿಸುವ ವಿದ್ಯೆ ನಮ್ಮಲ್ಲೂ ಹೊಸದಲ್ಲ. ಹಾಲುಬಾಯಿಯಲ್ಲಿ ತೆಂಗಿನಹಾಲು, ಬೆಲ್ಲದ ನೀರನ್ನೆಲ್ಲ ಹಿಡಿಯುವುದು ಅಕ್ಕಿಯ ಪಿಷ್ಟ. ತಟ್ಟೆಗೆ ಹುಯ್ದು ಆರಿದ ಮೇಲೆ ಕತ್ತರಿಸುವುದು ಥೇಟ್ ಜೆಲ್ಲಿಯ ರೀತಿಯೇ ಅಲ್ವಾ?

ಕೊನೆಗೆ ಒಂದು ಎಚ್ಚರಿಕೆ. ಚೈನಾ ಗ್ರಾಸ್ ಇದೆಯಲ್ಲ ಎಂದು ಹಾಲಿನ ಪುಡ್ಡಿಂಗ್ ಮಾಡಿ ಅದಕ್ಕೆ ಹಸಿ ಅನಾನಸ್ ಬೆರೆಸಬೇಡಿ. ಗಟ್ಟಿಯೇನೋ ಆಗುತ್ತದೆ. ಆದರೆ ಹಾಲಿನಲ್ಲೂ ಪ್ರೋಟೀನ್ ಇದೆ, ಬ್ರೊಮೆಲೈನ್ ಅದನ್ನು ಕತ್ತರಿಸುತ್ತಾ ಕೂರುತ್ತದೆ. ಆ ಚೂರುಗಳಲ್ಲಿ ಕೆಲವು ಕಹಿ. ಅನಾನಸ್ ಮಿಲ್ಕ್‌ಶೇಕ್ ಮಾಡಿಟ್ಟು ತಡವಾಗಿ ಕುಡಿದವರಿಗೆ ಆ ಕಹಿಯ ಪರಿಚಯ ಇರುತ್ತದೆ. ಹಾಲಿನ ಪುಡ್ಡಿಂಗಿಗೆ ಅನಾನಸ್ ಬೇಕೇ ಬೇಕು ಅಂದರೆ ಸಕ್ಕರೆ ಹಾಕಿ ಕುದಿಸಿ ಆರಿಸಿದ್ದನ್ನು ಹಾಕಿ. ಹಸಿಯದೇ ಬೇಕು ಅನ್ನುವವರು ಬಟ್ಟಲಿಗೆ ಬಡಿಸುವಾಗ ಮೇಲೆ ಉದುರಿಸಿಕೊಂಡು ಕೂಡಲೇ ತಿಂದುಬಿಡಿ.