ಮಾಸುವ ರೀಲಿನ ಕೆಲಸ

ನೆನಪು ಮಾಸುವುದನ್ನು ತೋರಿಸಲು ಹೊರಟ ಪ್ರಾಯೋಗಿಕ ಕಿರುಚಿತ್ರಗಳು ಹೆಚ್ಚಾಗಿ ಎಡವುವುದು ಎಡಿಟಿಂಗ್ ಹಂತದಲ್ಲಿ. ಡಿಜಿಟಲ್ ದೃಶ್ಯದ ಮೇಲೆ ಗೀರು, ದೂಳಿನ ಫಿಲ್ಟರ್ ಹಾಕಿದರೆ ‘ಇದು ಹಳೆಯದು’ ಎಂದಷ್ಟೇ ನೋಡುಗರಿಗೆ ತಿಳಿಯುತ್ತದೆ, ಏನನ್ನೋ ಕಳೆದುಕೊಂಡೆವು ಅನ್ನಿಸುವುದಿಲ್ಲ. ಕಳೆದುಕೊಳ್ಳಬೇಕಾದರೆ ಮೊದಲು ಅದು ಅವರ ಕಣ್ಣಲ್ಲಿ ಕೂತಿರಬೇಕು.

16 ಎಂಎಂ ಅಗಲದ ಸಿನಿಮಾ ಫಿಲ್ಮ್ ರೀಲಿನಲ್ಲಿ ಇದಕ್ಕೊಂದು ದಾರಿಯಿದೆ. ಹತ್ತು ಸೆಕೆಂಡಿನ ಒಂದೇ ಶಾಟ್ ಆರಿಸಿಕೊಳ್ಳಿ: ಸೆಕೆಂಡಿಗೆ 24ರಂತೆ 240 ಫ್ರೇಮ್, ಅಂದರೆ 6 ಅಡಿ. ಅದರ ಆರು ಪ್ರಿಂಟ್ ತೆಗೆಸಿ. ಮೂಲ ನೆಗೆಟಿವ್ ಮುಟ್ಟಲೇಬೇಡಿ. ಮೊದಲನೆಯದು ಹಾಗೇ ಇರಲಿ. ಉಳಿದ ಐದಕ್ಕೆ, ಬಟ್ಟೆಗೆ ಬಳಸುವ ಕ್ಲೋರಿನ್ ಬ್ಲೀಚಿಗೆ ನೀರು ಬೆರೆಸಿ ಕುಂಚದಿಂದ ಹಚ್ಚಿ, ಒಂದಕ್ಕಿಂತ ಒಂದಕ್ಕೆ ಹೆಚ್ಚು ಹೊತ್ತು ಬಿಡಿ. ಹಚ್ಚಬೇಕಾದದ್ದು ಹೊಳಪಿಲ್ಲದ ಬದಿಗೆ. ಚಿತ್ರ ಕೂತಿರುವ ಜೆಲಟಿನ್ ಪದರವನ್ನೇ ಬ್ಲೀಚ್ ಕರಗಿಸುವುದರಿಂದ, ಗಟ್ಟಿ ದ್ರಾವಣವಾದರೆ ನೋಡುತ್ತಿದ್ದಂತೆ ಬರೀ ಪಾರದರ್ಶಕ ಪಟ್ಟಿ ಉಳಿಯುತ್ತದೆ. ಬೇಡದ ತುಂಡೊಂದರಲ್ಲಿ ಐದೈದು ಸೆಕೆಂಡಿಗೆ ಪರೀಕ್ಷಿಸಿ ಹೊತ್ತು ಗೊತ್ತುಮಾಡಿಕೊಳ್ಳಿ. ಅಂಚಿನ ತೂತುಗಳ ಸಾಲನ್ನು ಬಿಟ್ಟುಬಿಡಿ. ಚೆನ್ನಾಗಿ ತೊಳೆದು, ನೇತುಹಾಕಿ ಪೂರ್ತಿ ಒಣಗಿಸಿ. ಹಸಿಯಿದ್ದಾಗ ಸುತ್ತಿದರೆ ಸುತ್ತುಗಳು ಒಂದಕ್ಕೊಂದು ಅಂಟುತ್ತವೆ.

ಆರೂ ಪ್ರಿಂಟುಗಳು ಚಿತ್ರದಲ್ಲಿ ಒಂದರ ಹಿಂದೊಂದು ಬರಲಿ. ಮೊದಲು ಹಿನ್ನೆಲೆ ಅಳಿಯಲಿ, ಮುಖ ಕೊನೆಗೆ. ಗೋಡೆಯ ಕ್ಯಾಲೆಂಡರ್ ಮೂರನೇ ಸಲಕ್ಕೆ ಮಾಯವಾದರೂ ನೋಡುಗರು ಅದನ್ನು ತಾವೇ ತುಂಬಿಕೊಳ್ಳುತ್ತಾರೆ. ಆಗ ತೆರೆಯ ಮೇಲೆ ಕೆಲಸ ಮಾಡುತ್ತಿರುವುದು ಅವರ ನೆನಪು.

ಬ್ಲೀಚಿನ ಬದಲು ಕಲರ್ ಪ್ರಿಂಟನ್ನು ಸೂಜಿಯಿಂದ ಕೆರೆದರೆ ಬಣ್ಣದ ಪದರಗಳು ಒಂದೊಂದಾಗಿ ಹೋಗಿ, ಕಪ್ಪು ಜಾಗದಲ್ಲಿ ಮೊದಲು ಹಸಿರು, ಇನ್ನೂ ಆಳಕ್ಕೆ ಹೋದರೆ ಹಳದಿ, ಕೊನೆಗೆ ಬಿಳಿ ಕಾಣುತ್ತದೆ. ಫಿಲ್ಟರಿನ ಬಿಳಿ ಗೀರಿಗೆ ಈ ಆಳವಿಲ್ಲ.

ಎಚ್ಚರ: ಕೆಡುತ್ತಾ ಆಮ್ಲ ಬಿಟ್ಟು ವಿನೆಗರ್ ವಾಸನೆ ಹೊಡೆಯುವ ಹಳೆಯ ಅಸಿಟೇಟ್ (ಒಂದು ಬಗೆಯ ಪ್ಲಾಸ್ಟಿಕ್) ರೀಲಿಗೆ ಬ್ಲೀಚ್ ಸೋಕಿಸಬೇಡಿ. ಆಮ್ಲ ಸೇರಿದರೆ ಬ್ಲೀಚಿನಿಂದ ವಿಷಕಾರಿ ಕ್ಲೋರಿನ್ ಅನಿಲ ಏಳುತ್ತದೆ. ಕೈಗವಸು ಹಾಕಿ, ಕಿಟಕಿ ತೆರೆದಿಡಿ. ಹಳೆಯ ಕಾಲದ, ಬೇಗ ಬೆಂಕಿ ಹಿಡಿಯುವ 35 ಎಂಎಂ ನೈಟ್ರೇಟ್ ರೀಲಂತೂ ಇಂಥ ಪ್ರಯೋಗಕ್ಕೆ ಬೇಡವೇ ಬೇಡ, ಹೊತ್ತಿಕೊಂಡರೆ ನೀರಿಗೂ ಆರದು. ಮುಗಿದ ಪ್ರಿಂಟನ್ನು ಪ್ರೊಜೆಕ್ಟರಿಗೆ ಹಾಕದೆ ಸ್ಕ್ಯಾನ್ ಮಾಡಿಸಿ; ಉದುರುವ ಪದರ ಗೇಟಿನಲ್ಲಿ (ಫಿಲ್ಮ್ ಬೆಳಕಿನ ಮುಂದೆ ಹಾಯುವ ಕಿಂಡಿ) ಸಿಕ್ಕಿಕೊಳ್ಳುತ್ತದೆ.

ಇನ್ನು ದನಿ. 1971ರ ‘ನಾಸ್ಟಾಲ್ಜಿಯಾ’ ಚಿತ್ರದಲ್ಲಿ ಅಮೆರಿಕದ ಪ್ರಾಯೋಗಿಕ ಚಿತ್ರ ನಿರ್ದೇಶಕ ಹಾಲಿಸ್ ಫ್ರಾಂಪ್ಟನ್ ಫೋಟೊಗಳನ್ನು ವಿದ್ಯುತ್ ಒಲೆಯ ಮೇಲೆ ಒಂದೊಂದಾಗಿ ಸುಡುತ್ತಾರೆ. ಕೇಳುವ ಮಾತು ಸುಡುತ್ತಿರುವ ಫೋಟೊದ್ದಲ್ಲ, ಮುಂದೆ ಬರಲಿರುವುದರದು. ಆ ಫೋಟೊ ಬರುವಷ್ಟರಲ್ಲಿ ಮಾತು ಇನ್ನೊಂದಕ್ಕೆ ದಾಟಿರುತ್ತದೆ, ಮಾತನ್ನು ಹಿಡಿದಿಟ್ಟುಕೊಳ್ಳುವ ಹೊಣೆ ನಮ್ಮದಾಗುತ್ತದೆ. ನಿಮ್ಮ ಆರು ಪ್ರಿಂಟುಗಳಿಗೆ ಇದನ್ನು ತಿರುವಿ ಹಾಕಿ: ಕ್ಯಾಲೆಂಡರಿನ ಬಗ್ಗೆ ಮಾತು ಮೊದಲ ಪ್ರಿಂಟಿನಲ್ಲಿ ಬೇಡ, ಅದು ಅಳಿದುಹೋದ ನಾಲ್ಕನೆಯದರಲ್ಲಿ ಬರಲಿ.