ಶನಿವಾರ ಬಾಗಿಲು ಹಾಕುತ್ತಿದ್ದ ಬಂದರು: ಆಟೋಮನ್ ಯಹೂದಿಗಳ ಕಥೆ

1478ರಲ್ಲಿ ಆಟೋಮನ್ (ತುರ್ಕಿ ಸುಲ್ತಾನರ ಸಾಮ್ರಾಜ್ಯ) ಅಧಿಕಾರಿಗಳು ತೆರಿಗೆಗಾಗಿ ಸಲೋನಿಕಾದ ಮನೆಗಳನ್ನು ಎಣಿಸಿದಾಗ ಒಂದೇ ಒಂದು ಯಹೂದಿ ಮನೆಯೂ ಸಿಗಲಿಲ್ಲ. 1519ರ ಪಟ್ಟಿ ನೋಡಿದರೆ ಊರಿನ ಅರ್ಧಕ್ಕಿಂತ ಜಾಸ್ತಿ ಜನ ಯಹೂದಿಗಳೇ. ನಡುವೆ ಬರೀ ನಲವತ್ತು ವರ್ಷ. ಇವತ್ತು ಗ್ರೀಸ್‌ನಲ್ಲಿರುವ ಥೆಸಲೋನಿಕಿಯೇ ಆ ಊರು.

ನಡುವೆ ಏನಾಯಿತು ಅನ್ನೋದು ತುಂಬ ಜನಕ್ಕೆ ಗೊತ್ತು. 1492ರಲ್ಲಿ ಸ್ಪೇನ್‌ನ ರಾಜ ರಾಣಿ, ಕ್ರೈಸ್ತರಾಗಿ ಇಲ್ಲವೇ ದೇಶ ಬಿಡಿ ಅಂತ ಯಹೂದಿಗಳಿಗೆ ಹುಕುಂ ಮಾಡಿದರು. ಸುಲ್ತಾನ ಎರಡನೇ ಬಾಯೆಜಿದ್ ಅವರನ್ನು ಒಳಗೆ ಬಿಟ್ಟುಕೊಂಡ. 'ತನ್ನ ರಾಜ್ಯ ಬಡವಾಗಿಸಿ ನನ್ನದನ್ನು ಶ್ರೀಮಂತ ಮಾಡಿದವನನ್ನು ಜಾಣ ಅಂತೀರಾ' ಎಂದು ಅವನು ಸ್ಪೇನ್ ರಾಜನನ್ನು ಅಣಕಿಸಿದ ಅನ್ನೋ ಮಾತು ಎಲ್ಲ ಕಡೆ ಓಡಾಡುತ್ತೆ. ಅದನ್ನು ಬರೆದಿಟ್ಟದ್ದು ಅವನು ಸತ್ತು ಎಷ್ಟೋ ಕಾಲವಾದ ಮೇಲೆ, ಹಾಗಾಗಿ ಸ್ವಲ್ಪ ಹುಷಾರಾಗಿ ನಂಬಬೇಕು.

ಆದರೆ 1478ರಲ್ಲಿ ಅಲ್ಲಿ ಯಾಕೆ ಯಾರೂ ಇರಲಿಲ್ಲ? ಈ ಪ್ರಶ್ನೆ ಕೇಳುವವರು ಕಮ್ಮಿ. ಬಾಯೆಜಿದ್‌ನ ಅಪ್ಪ ಎರಡನೇ ಮೆಹಮದ್ 1453ರಲ್ಲಿ ಕಾನ್‌ಸ್ಟಾಂಟಿನೋಪಲ್ ಗೆದ್ದಾಗ ಊರು ಹಾಳು ಸುರಿಯುತ್ತಿತ್ತು. ಅದನ್ನು ತುಂಬಿಸೋಕೆ ಅವನು ಬೇರೆ ಬೇರೆ ಊರುಗಳಿಂದ ಮುಸ್ಲಿಮರು, ಕ್ರೈಸ್ತರು, ಯಹೂದಿಗಳು ಎಲ್ಲರನ್ನೂ ಎಬ್ಬಿಸಿ ತರಿಸಿದ. ಸಲೋನಿಕಾದ ಗ್ರೀಕ್ ಮಾತಾಡುವ ಹಳೆಯ ಯಹೂದಿಗಳು ಹೋದದ್ದು ಹೀಗೆ. ಅವರನ್ನು ಯಾರೂ ಒಂದು ಮಾತು ಕೇಳಲಿಲ್ಲ, ಅಪ್ಪಣೆ ಇಲ್ಲದೆ ವಾಪಸ್ ಹೋಗುವಂತೆಯೂ ಇರಲಿಲ್ಲ. ಅಪ್ಪ ಜನರನ್ನು ಕಿತ್ತುಕೊಂಡು ಹೋದ, ಮಗ ಅದೇ ಊರಿಗೆ ಬೇರೆ ಜನರನ್ನು ತಂದು ತುಂಬಿಸಿದ. ಇಬ್ಬರ ಲೆಕ್ಕವೂ ಒಂದೇ: ಕೈಕಸುಬು ಗೊತ್ತಿರುವ, ತೆರಿಗೆ ಕಟ್ಟುವ ಜನ ಬೇಕು. ನನಗೆ ಕಾಣುವಂತೆ ಆಟೋಮನ್ ಉದಾರತೆಯನ್ನೂ ಕ್ರೌರ್ಯವನ್ನೂ ಈ ಲೆಕ್ಕ ಬಿಟ್ಟು ನೋಡೋಕೆ ಆಗಲ್ಲ.

ಬಂದವರು ಸುಮ್ನೆ ಕೂರಲಿಲ್ಲ. 1493ರ ಹೊತ್ತಿಗೇ ಇಸ್ತಾಂಬುಲ್‌ನಲ್ಲಿ, ಅಂದರೆ ಅದೇ ಕಾನ್‌ಸ್ಟಾಂಟಿನೋಪಲ್‌ನಲ್ಲಿ, ನಹ್ಮಿಯಾಸ್ ಸೋದರರು ಹೀಬ್ರೂ ಪುಸ್ತಕ ಅಚ್ಚು ಹಾಕಿದರು. ಅದೇ ಊರಿನಲ್ಲಿ ಟರ್ಕಿ ಭಾಷೆಯ ಪುಸ್ತಕ ಅಚ್ಚಾಗೋಕೆ 1729 ಬರಬೇಕಾಯಿತು! ಸಲೋನಿಕಾದಲ್ಲಿ ಪ್ರತಿ ಗುಂಪೂ ತನ್ನ ಊರಿನ ಹೆಸರಲ್ಲೇ ಸಿನಗಾಗ್, ಅಂದರೆ ಯಹೂದಿ ಪ್ರಾರ್ಥನಾ ಮಂದಿರ, ಕಟ್ಟಿಕೊಂಡಿತು: ಅರಗಾನ್, ಕ್ಯಾಸ್ಟೀಲ್, ಕ್ಯಾಟಲಾನ್, ಲಿಸ್ಬನ್, ಸಿಸಿಲಿ. ಕಾನೂನಿನ ಪ್ರಕಾರ ಹೊಸ ಸಿನಗಾಗ್ ಕಟ್ಟುವಂತಿರಲಿಲ್ಲ, ಅದು ಬೇರೆ ಮಾತು. ಜಿಜಿಯಾ ಅನ್ನೋ ಮುಸ್ಲಿಮೇತರರ ತಲೆಗಂದಾಯ ಕಟ್ಟಬೇಕಿತ್ತು, ಮುಸ್ಲಿಂ ನೆರೆಯವರ ಮನೆಗಿಂತ ಎತ್ತರದ ಮನೆ ಕಟ್ಟಬಾರದಿತ್ತು, ಇಂಥ ಬಣ್ಣದ ಬಟ್ಟೆ ತೊಡಬಾರದಿತ್ತು. ಈ ನಿಯಮ ಎಷ್ಟು ಬಿಗಿ ಅನ್ನೋದು ಆಯಾ ಕಾಲದ ಸುಲ್ತಾನನ ಮೇಲೆ, ಊರಿನ ಅಧಿಕಾರಿಯ ಮೇಲೆ ನಿಂತಿತ್ತು. ಮದುವೆ, ಆಸ್ತಿ, ಜಗಳ ಎಲ್ಲ ಅವರವರ ರಬ್ಬಿಗಳ (ಯಹೂದಿ ಧರ್ಮಗುರುಗಳ) ಪಂಚಾಯಿತಿಯಲ್ಲೇ ತೀರುತ್ತಿತ್ತು, ಆದರೂ ಅಲ್ಲಿ ಸೋತವರು ಎಷ್ಟೋ ಸಲ ನೇರ ಮುಸ್ಲಿಂ ಖಾಜಿಯ ಹತ್ತಿರ ಹೋಗುತ್ತಿದ್ದರು.

ಈ ಲೆಕ್ಕಾಚಾರ ನೋಡಬೇಕಾದರೆ ಬಟ್ಟೆಯ ಕಥೆ ನೋಡಿ. ಸ್ಪೇನ್‌ನಿಂದ ಬಂದವರಿಗೆ ಉಣ್ಣೆ ನೇಯೋದು ಗೊತ್ತಿತ್ತು, ಸುತ್ತಲಿನ ಬೆಟ್ಟಗಳಲ್ಲಿ ಕುರಿ ಇತ್ತು, ಸುಲ್ತಾನನ ಜಾನಿಸರಿ ಸೈನಿಕರಿಗೆ ಸಮವಸ್ತ್ರ ಬೇಕಿತ್ತು. ಉಣ್ಣೆ ಕೊಳ್ಳೋಕೆ ಯಹೂದಿಗಳಿಗೆ ಮೊದಲ ಹಕ್ಕು ಕೊಟ್ಟರು. 1568ರಲ್ಲಿ ರಬ್ಬಿ ಮೋಸೆಸ್ ಅಲ್ಮೊಸ್ನಿನೊ ರಾಜಧಾನಿಗೆ ಅಲೆದಾಡಿ, ತೆರಿಗೆಯನ್ನು ಬಟ್ಟೆಯ ರೂಪದಲ್ಲೇ ಕಟ್ಟುವ ಒಪ್ಪಂದ ಮಾಡಿಸಿಕೊಂಡು ಬಂದರು. ಆಗ ಅದು ದೊಡ್ಡ ಗೆಲುವೇ. ಮುಂದೆ ಉಣ್ಣೆಯ ಬೆಲೆ ಏರಿತು, ಯುರೋಪಿನ ಅಗ್ಗದ ಬಟ್ಟೆ ಬಂತು, ಕೊಡಬೇಕಾದ ಬಟ್ಟೆಯ ಹೊರೆ ಮಾತ್ರ ಇಳಿಯಲಿಲ್ಲ. ತಾಳಲಾರದೆ ಎಷ್ಟೋ ನೇಕಾರರು ಇಜ್ಮೀರ್ ಕಡೆ ಗುಳೆ ಹೋದರು. 1637ರಲ್ಲಿ ಬಟ್ಟೆ ಒಪ್ಪಿಸಲು ಹೋದ ರಬ್ಬಿ ಯೆಹೂದಾ ಕೊವೊಗೆ, ಮಾಲು ಸರಿಯಿಲ್ಲ ಅಂತ ಸುಲ್ತಾನ ನಾಲ್ಕನೇ ಮುರಾದ್ ಮರಣದಂಡನೆ ಕೊಟ್ಟ.

ಅಧಿಕಾರಿ ಕೆಟ್ಟವನಾದರೆ ಏನಾಗುತ್ತಿತ್ತು ಅನ್ನೋದಕ್ಕೆ ನಮ್ಮ ಮುಂಬೈಯಲ್ಲೇ ಗುರುತಿದೆ. ಬಾಗ್ದಾದ್‌ನ ಗವರ್ನರ್ ದಾವೂದ್ ಪಾಷಾನ ಕಾಟಕ್ಕೆ ಊರು ಬಿಟ್ಟ ಯಹೂದಿ ವ್ಯಾಪಾರಿ ಡೇವಿಡ್ ಸಸೂನ್ 1830ರ ದಶಕದಲ್ಲಿ ಮುಂಬೈಗೆ ಬಂದು ನೆಲೆಸಿದ. ಸಸೂನ್ ಡಾಕ್ ಆ ಮನೆತನದ್ದೇ. 1840ರಲ್ಲಿ ಡಮಾಸ್ಕಸ್‌ನಲ್ಲಿ ಒಬ್ಬ ಪಾದ್ರಿ ಕಾಣೆಯಾದಾಗ ಅಲ್ಲಿನ ಕ್ರೈಸ್ತರು ಯಹೂದಿಗಳ ಮೇಲೆ ನರಬಲಿಯ ಆರೋಪ ಹೊರಿಸಿದರು. ಚಿತ್ರಹಿಂಸೆಯಲ್ಲಿ ಕೆಲವರು ಸತ್ತರು. ಆ ಆರೋಪ ಸುಳ್ಳು ಅಂತ ಫರ್ಮಾನು ಹೊರಡಿಸಿದ್ದು ಸುಲ್ತಾನ ಅಬ್ದುಲ್‌ಮಜೀದ್. 1856ರ ಸುಧಾರಣೆಯಲ್ಲಿ, ಕನಿಷ್ಠ ಕಾಗದದ ಮೇಲೆ, ಎಲ್ಲ ಪ್ರಜೆಗಳೂ ಸಮಾನರಾದರು.

ಅಷ್ಟು ಹೊತ್ತಿಗೆ ಸಲೋನಿಕಾದ ಯಹೂದಿಗಳು ಅಂದರೆ ವ್ಯಾಪಾರಿಗಳು ಮಾತ್ರ ಅಲ್ಲ. ಹಮಾಲಿಗಳು, ಮೀನುಗಾರರು, ತಂಬಾಕು ಕಾರ್ಖಾನೆಯ ಹೆಣ್ಣುಮಕ್ಕಳು ಎಲ್ಲ ಅವರೇ. ಅವರಿಗೆ ಶನಿವಾರ ಸಬ್ಬತ್, ಕೆಲಸ ಮಾಡಬಾರದ ದಿನ, ಹಾಗಾಗಿ ಇಡೀ ಬಂದರೇ ಶನಿವಾರ ಬಂದ್. ಮನೆಯಲ್ಲಿ ಲಾದಿನೊ, ಅಂದರೆ ಅಜ್ಜ ಮುತ್ತಜ್ಜಂದಿರು ಹೊತ್ತು ತಂದ ಸ್ಪ್ಯಾನಿಷ್. 1909ರಲ್ಲಿ ಅವರಾಮ್ ಬೆನರೋಯಾ ಮತ್ತು ಗೆಳೆಯರು ಅಲ್ಲಿ ಸಮಾಜವಾದಿ ಕಾರ್ಮಿಕರ ಫೆಡರೇಶನ್ ಕಟ್ಟಿದಾಗ ಪತ್ರಿಕೆಯನ್ನು ನಾಲ್ಕು ಭಾಷೆಯಲ್ಲಿ ತರಬೇಕಾಯಿತು: ಲಾದಿನೊ, ಟರ್ಕಿಷ್, ಗ್ರೀಕ್, ಬಲ್ಗೇರಿಯನ್.

1912ರಲ್ಲಿ ಗ್ರೀಕ್ ಸೈನ್ಯ ಊರು ಹಿಡಿಯಿತು. ಮರುವರ್ಷದ ಗಣತಿಯಲ್ಲಿ 1,57,889 ಜನರಲ್ಲಿ 61,439 ಯಹೂದಿಗಳು. ರಾಷ್ಟ್ರಕ್ಕೆ ಒಂದು ಭಾಷೆ, ಒಂದು ಧರ್ಮ ಸಾಕಾಗಿತ್ತು. 1917ರ ಬೆಂಕಿಯಲ್ಲಿ ಮನೆ ಕಳೆದುಕೊಂಡವರಲ್ಲಿ ಹೆಚ್ಚಿನವರು ಯಹೂದಿಗಳು. 1924ರಲ್ಲಿ ಭಾನುವಾರ ಕಡ್ಡಾಯ ರಜೆ ಆಯಿತು. 1942ರ ಕೊನೆಗೆ, ಜರ್ಮನರ ಕೈಕೆಳಗೆ, ದೊಡ್ಡ ಯಹೂದಿ ಸ್ಮಶಾನವನ್ನು ಕಿತ್ತು ಹಾಕಿದರು, ಈಗ ಅಲ್ಲಿ ವಿಶ್ವವಿದ್ಯಾಲಯ ಇದೆ. 1943ರ ಮಾರ್ಚ್ 15ರಂದು ನಾಜಿಗಳ ಸಾವಿನ ಶಿಬಿರ ಔಶ್‌ವಿಟ್ಜ್‌ಗೆ ಮೊದಲ ರೈಲು ಹೊರಟಿತು. ಕೆಲವೇ ತಿಂಗಳಲ್ಲಿ ನಲವತ್ತೈದು ಸಾವಿರಕ್ಕೂ ಹೆಚ್ಚು ಜನರನ್ನು ಸಾಗಿಸಿದರು.

ಟರ್ಕಿಯಲ್ಲಿ ಉಳಿದವರ ಜೀವ ಉಳಿಯಿತು, ಆದರೆ ಹೊಸ ಗಣರಾಜ್ಯವೂ ಮೃದುವಾಗಿರಲಿಲ್ಲ. 1942ರ ಸಂಪತ್ತು ತೆರಿಗೆಯಲ್ಲಿ ಮುಸ್ಲಿಮೇತರರಿಗೆ ಹಲವು ಪಟ್ಟು ಜಾಸ್ತಿ ಬರೆದರು. ಕಟ್ಟಲಾಗದವರನ್ನು ಪೂರ್ವ ಟರ್ಕಿಯ ಅಶ್ಕಾಲೆಯ ಚಳಿಯಲ್ಲಿ ಕೂಲಿಗೆ ಹಚ್ಚಿದರು. 1948ರಿಂದ ಸಾವಿರಾರು ಜನ ಇಸ್ರೇಲಿಗೆ ಹೊರಟರು.

ಸ್ಪೇನ್‌ಗೆ 2015ರಲ್ಲಿ ನೆನಪಾಯಿತು. ಅಂದು ಹೊರದಬ್ಬಿದವರ ವಂಶಜರಿಗೆ ಪೌರತ್ವ ಕೊಡುವ ಕಾನೂನು ತಂದರು, 2019ರವರೆಗೆ ಗಡುವು. ಇಸ್ತಾಂಬುಲ್‌ನಿಂದಲೂ ಜನ ಅರ್ಜಿ ಹಾಕಿದರು. ಐದು ಶತಮಾನ ಸ್ಪ್ಯಾನಿಷ್ ಬಿಡದೆ ಮಾತಾಡಿಕೊಂಡು ಬಂದ ಈ ಸಮುದಾಯದವರಿಗೆ ಅಲ್ಲಿ ಹಾಕಿದ ಷರತ್ತುಗಳಲ್ಲಿ ಒಂದು, ಸ್ಪ್ಯಾನಿಷ್ ಭಾಷಾ ಪರೀಕ್ಷೆ.