ಹಿಟ್ಲರ್ ಇಡದ ಹೆಸರು: ಕಮ್ಯುನಿಸ್ಟ್ ರೈಲಿನ ಮೇಲೆ 'ರೈಷ್' ಯಾಕಿತ್ತು?

ಪ್ರಶ್ನೆ: ಪೂರ್ವ ಜರ್ಮನಿ ಕಮ್ಯುನಿಸ್ಟ್ ದೇಶ ಅಲ್ವಾ? ಹಿಟ್ಲರ್ ಹೆಸರೆತ್ತಿದರೆ ಉರಿದು ಬೀಳುತ್ತಿದ್ದವರು. ಹಾಗಿದ್ದೂ ತಮ್ಮ ಸರ್ಕಾರಿ ರೈಲಿಗೆ ಹಿಟ್ಲರ್ ಇಟ್ಟ 'ರೈಷ್‌ಬಾನ್' ಎಂಬ ಹೆಸರನ್ನೇ ಕೊನೇ ತನಕ ಯಾಕೆ ಇಟ್ಟುಕೊಂಡರು?

ಉತ್ತರ: ಇದಕ್ಕೆ ಎಷ್ಟು ಸಲ ಉತ್ತರ ಬರೆದಿದ್ದೇನೋ ನನಗೇ ಲೆಕ್ಕ ತಪ್ಪಿದೆ. ತಪ್ಪು ನನ್ನದೇ ಅನ್ನಿ. ಬರ್ಲಿನ್ನಿನ ಹಳೇ ಸಾಮಾನಿನ ಸಂತೆಯಲ್ಲಿ ಕೊಂಡ ಒಂದು ಟಿಕೆಟ್ಟಿನ ಫೋಟೊ ತೋರಿಸಿದ ದಿನದಿಂದ ಇದು ಶುರುವಾಯಿತು. ದಪ್ಪ ರಟ್ಟಿನ ಟಿಕೆಟ್. ನಮ್ಮ ಸ್ಟೇಷನ್ನುಗಳಲ್ಲಿ ಮೊದಲು ಕಿಟಕಿಯೊಳಗಿಂದ 'ಟಕ್' ಅಂತ ತಾರೀಖು ಒತ್ತಿ ಕೊಡುತ್ತಿದ್ದರಲ್ಲ, ಅದೇ ಅಳತೆ. ಬೆಲೆ 20 ಫೆನಿಗ್, ನೂರು ಫೆನಿಗ್ಗಿಗೆ ಒಂದು ಮಾರ್ಕ್. ಅಂಚು ಸವೆದಿದೆ, ಒಂದು ಮೂಲೆಯಲ್ಲಿ ತೂತು ಹೊಡೆದ ಗುರುತಿದೆ. ಆ 20 ಫೆನಿಗ್ ಬಗ್ಗೆ ಯಾರೂ ಕೇಳಲಿಲ್ಲ. ಎಲ್ಲರ ಕಣ್ಣೂ ಹೋಗಿದ್ದು ಅದರ ಮೇಲೆ ಅಚ್ಚಾಗಿದ್ದ ರೈಲಿನ ಹೆಸರಿನ 'ರೈಷ್' ಮೇಲೆ.

ನಿಜವಾದ ಉತ್ತರ ಚಿಕ್ಕದು. ಆದರೆ ಪ್ರಶ್ನೆಯ ಒಳಗೇ ಒಂದು ಕಳೆ ಬೆಳೆದಿದೆ. ಮೊದಲು ಅದನ್ನು ಕೀಳಬೇಕು. 'ಹಿಟ್ಲರ್ ಇಟ್ಟ ಹೆಸರು' ಅಂದಿರಿ. ಅವನು ಇಟ್ಟ ಹೆಸರಲ್ಲ ಅದು.

ತಾರೀಖು ಹಿಡಿದುಕೊಂಡೇ ಹೋಗೋಣ. ಜರ್ಮನಿಯಲ್ಲಿ ಉಗಿಬಂಡಿ ಎಳೆದ ಮೊದಲ ರೈಲು ಓಡಿದ್ದು 1835ರ ಡಿಸೆಂಬರ್ 7ರಂದು, ನ್ಯೂರೆಂಬರ್ಗಿನಿಂದ ಫ್ಯೂರ್ಟ್‌ಗೆ. ಆರು ಕಿಲೋಮೀಟರ್ ದಾರಿ, ಖಾಸಗಿ ಕಂಪನಿ. ಇಂಜಿನ್ ಇಂಗ್ಲೆಂಡಿನದು, ಓಡಿಸಿದ ಡ್ರೈವರೂ ಇಂಗ್ಲೆಂಡಿನವನೇ. ಮೂರು ವರ್ಷ ಕಳೆದು 1838ರಲ್ಲಿ ಬ್ರೌನ್‌ಶ್ವೈಗ್ ಎಂಬ ಪುಟ್ಟ ಸಂಸ್ಥಾನ ಪಕ್ಕದ ವೋಲ್ಫೆನ್‌ಬ್ಯೂಟೆಲ್‌ಗೆ ತಾನೇ ಹಳಿ ಹಾಕಿಸಿತು. ಜರ್ಮನ್ನರ ಮೊದಲ ಸರ್ಕಾರಿ ರೈಲು ಅದು. ಆಮೇಲೆ ಬವೇರಿಯಾ, ಸ್ಯಾಕ್ಸನಿ, ವ್ಯುರ್ಟೆಂಬರ್ಗ್, ಬಾಡನ್, ಪ್ರಷ್ಯಾ ಅಂತ ಒಬ್ಬೊಬ್ಬರಿಗೂ ಒಂದೊಂದು ರೈಲ್ವೆ. ಬಾಡನ್ನಿನವರು ಯಾರಿಗೂ ಕೇಳದೆ 1600 ಮಿಲಿಮೀಟರ್ ಗೇಜ್ ಹಾಕಿಕೊಂಡರು. ಸುತ್ತಲಿನವರು ಆ ಅಳತೆಗೆ ಬರಲೇ ಇಲ್ಲ. 1850ರ ದಶಕದಲ್ಲಿ ಇದ್ದಬದ್ದ ಹಳಿಯನ್ನೆಲ್ಲ ಎಬ್ಬಿಸಿ ಮತ್ತೆ ಹಾಕಬೇಕಾಯಿತು. ಜರ್ಮನಿಯನ್ನು ಒಂದು ಮಾಡಿದ ಚಾನ್ಸಲರ್ ಬಿಸ್ಮಾರ್ಕ್ 1870ರ ದಶಕದಲ್ಲಿ ಎಲ್ಲ ರೈಲನ್ನೂ ಕೇಂದ್ರದ ಕೈಗೆ ತರಲು ನೋಡಿದ. ಉಳಿದ ಸಂಸ್ಥಾನಗಳು ಬಗ್ಗಲಿಲ್ಲ. ಕೊನೆಗೆ ಪ್ರಷ್ಯಾದೊಳಗಿನ ಖಾಸಗಿ ಕಂಪನಿಗಳನ್ನು ಸರ್ಕಾರಕ್ಕೆ ಕೊಂಡುಕೊಳ್ಳುವುದಕ್ಕೇ ತೃಪ್ತಿಪಟ್ಟ.

ಬಿಸ್ಮಾರ್ಕ್ ಕೈಲಿ ಆಗದ್ದನ್ನು ಮಾಡಿದ್ದು ಮಹಾಯುದ್ಧದಲ್ಲಿ ಸೋತ ಜರ್ಮನಿ. 1918ರಲ್ಲಿ ಚಕ್ರವರ್ತಿ ಹಾಲೆಂಡಿಗೆ ಓಡಿಹೋದ, ಗಣರಾಜ್ಯ ಬಂತು. 1919ರ ವೈಮಾರ್ ಸಂವಿಧಾನ ರೈಲುಗಳೆಲ್ಲ ಕೇಂದ್ರದ್ದಾಗಬೇಕು ಅಂದಿತು. 1920ರ ಏಪ್ರಿಲ್ 1ರಂದು ಆಯಿತು. ಅದಕ್ಕೆ 'ಡಾಯ್ಚೆ ರೈಷ್‌ಬಾನ್' ಅಂತ ಹೆಸರಿಟ್ಟಿದ್ದು 1921ರ ಜೂನ್ 27ರಂದು.

ಆ ದಿನ ಹಿಟ್ಲರ್ ಯಾರು? ಮ್ಯೂನಿಕ್ಕಿನ ಒಂದು ಸಣ್ಣ ಪಕ್ಷದ ಭಾಷಣಕಾರ. ಆ ಪಕ್ಷಕ್ಕೂ ಇನ್ನೂ ಅಧ್ಯಕ್ಷನಾಗಿರಲಿಲ್ಲ. ಅದು ಆಗಿದ್ದು ಜುಲೈ 29ಕ್ಕೆ. ಅಂದರೆ ಹಿಟ್ಲರ್ ತನ್ನ ಪಕ್ಷ ಹಿಡಿಯುವ ಒಂದು ತಿಂಗಳು ಮೊದಲೇ ರೈಷ್‌ಬಾನ್ ಎಂಬ ಹೆಸರು ಓಡಾಡುತ್ತಿತ್ತು.

ಇನ್ನೂ ಒಂದಿದೆ. ಯುದ್ಧದ ದಂಡ ಕಟ್ಟಲು ದುಡ್ಡಿಲ್ಲದೆ ಜರ್ಮನಿ ರೈಲನ್ನೇ ಅಡ ಇಟ್ಟ ಕಥೆ ಗೊತ್ತೇ? 1924ರ ಡಾಸ್ ಯೋಜನೆ ಅನ್ನುತ್ತಾರೆ. ರೈಷ್‌ಬಾನ್ ಹೆಸರಲ್ಲೇ ಒಂದು ಕಂಪನಿ ಮಾಡಿ, ಅದರ ತಲೆಯ ಮೇಲೆ 1,100 ಕೋಟಿ ಚಿನ್ನದ ಮಾರ್ಕಿನ ಸಾಲಪತ್ರ ಹೊರಿಸಿದರು. ಆಡಳಿತ ಮಂಡಳಿಯಲ್ಲಿ ವಿದೇಶಿಯರನ್ನೂ ಕೂರಿಸಿದರು. ಆ ಕಾನೂನಿನ ತಾರೀಖು ಆಗಸ್ಟ್ 30. ಆಗ ಹಿಟ್ಲರ್ ಎಲ್ಲಿದ್ದ? ಲಾಂಡ್ಸ್‌ಬರ್ಗ್ ಜೈಲಿನಲ್ಲಿ. ಹೆಸರಿಟ್ಟಾಗ ಭಾಷಣ ಮಾಡಿಕೊಂಡಿದ್ದ, ಕಂಪನಿ ಆದಾಗ ಕಂಬಿ ಎಣಿಸುತ್ತಿದ್ದ. ಇನ್ನೇನು ಪುರಾವೆ ಬೇಕು?

'ಅದೇನೇ ಇರಲಿ ಸರ್, ರೈಷ್ ಅನ್ನೋದೇ ನಾಜಿ ಪದ ತಾನೇ?' ಇದು ಮುಂದಿನ ಪತ್ರ. ಇದೂ ಗ್ಯಾರಂಟಿ ಬರುತ್ತದೆ.

ಅಲ್ಲ. ರೈಷ್ ಅಂದರೆ ಸಾಮ್ರಾಜ್ಯ, ರಾಜ್ಯ ಅಂತ ಅಷ್ಟೇ. ವೈಮಾರ್ ಸಂವಿಧಾನದ ಮೊದಲ ಕಲಮಿನ ಮೊದಲ ಸಾಲೇ 'ಜರ್ಮನ್ ರೈಷ್ ಒಂದು ಗಣರಾಜ್ಯ' ಅಂತ. ರಾಜನನ್ನು ಓಡಿಸಿದವರೇ ಬರೆದ ಸಾಲು ಅದು. ಇವತ್ತಿಗೂ ಜರ್ಮನ್ನರು ಫ್ರಾನ್ಸ್ ದೇಶಕ್ಕೆ ಹೇಳುವುದು 'ಫ್ರಾಂಕ್‌ರೈಷ್'. ಆಸ್ಟ್ರಿಯಾ ತನ್ನನ್ನು ತಾನೇ 'ಓಸ್ಟರ್‌ರೈಷ್' ಅಂದುಕೊಳ್ಳುತ್ತದೆ. ಶಾಲೆಯ ಪುಸ್ತಕದಲ್ಲಿ ಪ್ರಾಣಿ ಪ್ರಪಂಚಕ್ಕೆ 'ಟೀರ್‌ರೈಷ್' ಅಂತಾರೆ. ಆನೆ, ಇರುವೆಗಳೇನೂ ನಾಜಿಗಳಲ್ಲವಲ್ಲ! ಈಗಿನ ಪಾರ್ಲಿಮೆಂಟ್ ಕೂರುವ ಕಟ್ಟಡದ ಹೆಸರು ರೈಷ್‌ಟಾಗ್. ಪದದ ಬೇರು ಹಿಡಿದು ಹಿಂದೆ ಹಿಂದೆ ಹೋದರೆ ನಮ್ಮ 'ರಾಜ', 'ರಾಜ್ಯ'ಗಳೇ ಸಿಗುತ್ತವೆ, ದೂರದ ದಾಯಾದಿಗಳು. ಹಿಟ್ಲರ್ ಆ ಪದವನ್ನು ಕೆಡಿಸಿದ, ಹುಟ್ಟಿಸಲಿಲ್ಲ. ಇನ್ನು 'ಬಾನ್' ಅಂದರೆ ದಾರಿ, ಇಲ್ಲಿ ರೈಲುದಾರಿ. ಬಾನು ನಮಗೆ ಆಕಾಶ, ಅವರಿಗೆ ಹಳಿ. ಈ ಜೋಕನ್ನು ನಾನು ಹತ್ತು ಸಲವಾದರೂ ಹೇಳಿರಬೇಕು. ಕ್ಷಮಿಸಿ.

ಈ ಕಳೆಗೆ ಇನ್ನೊಂದು ಟಿಸಿಲಿದೆ. 'ಹೆಸರು ಯಾರದ್ದೋ ಇರಲಿ, ಜರ್ಮನ್ ರೈಲಿಗೆ ವೇಗ ಕೊಟ್ಟವನು ಹಿಟ್ಲರ್' ಅನ್ನುವ ಮಾತು. ಇದಕ್ಕೆ ತೋರಿಸುವ ಸಾಕ್ಷಿ 'ಹಾರುವ ಹ್ಯಾಂಬರ್ಗರ್'. ಡೀಸೆಲ್ ರೈಲು, ಬರ್ಲಿನ್ನಿನಿಂದ ಹ್ಯಾಂಬರ್ಗಿಗೆ 138 ನಿಮಿಷ, ವೇಗ ಗಂಟೆಗೆ 160 ಕಿಲೋಮೀಟರ್. ಜನರನ್ನು ಹೊತ್ತು ಓಡಲು ಶುರು ಮಾಡಿದ್ದು 1933ರ ಮೇ ತಿಂಗಳಲ್ಲಿ. ನಿಜ. ಆದರೆ ಹಿಟ್ಲರ್ ಅಧಿಕಾರಕ್ಕೆ ಬಂದಿದ್ದು ಅದೇ ವರ್ಷದ ಜನವರಿ 30ಕ್ಕೆ. ಮೂರೂವರೆ ತಿಂಗಳಲ್ಲಿ ರೈಲು ಯೋಚಿಸಿ, ಬಿಡಿಸಿ, ಕಟ್ಟಿ, ಓಡಿಸಲು ಅದೇನು ಮದುವೆ ಚಪ್ಪರವೇ? ಆ ಗಾಡಿ 1932ರಲ್ಲೇ ಕಾರ್ಖಾನೆಯಿಂದ ಹೊರಬಂದಿತ್ತು. ಹಿಟ್ಲರನ ಪ್ರೀತಿ ಇದ್ದಿದ್ದು ಕಾರು, ಹೆದ್ದಾರಿಗಳ ಮೇಲೆ. ತಮಾಷೆ ನೋಡಿ, ಹೆದ್ದಾರಿ ಕಟ್ಟುವ ಕಂಪನಿಯನ್ನು 1933ರಲ್ಲಿ ರೈಷ್‌ಬಾನ್‌ನ ಮರಿ ಕಂಪನಿಯಾಗಿ ಶುರು ಮಾಡಿಸಿದರು. ತನ್ನ ಗಿರಾಕಿಗಳನ್ನು ಕದಿಯುವ ರಸ್ತೆಯನ್ನು ರೈಲೇ ಕಟ್ಟಿಕೊಡಬೇಕಾಯಿತು.

ಇಷ್ಟು ಹೇಳಿದ ಮೇಲೆ ಒಂದನ್ನು ಹೇಳದೆ ಬಿಟ್ಟರೆ ಅನ್ಯಾಯ. ಹೆಸರು ಹಿಟ್ಲರನದಲ್ಲ ಅಂದರೆ ಕೈ ತೊಳೆದುಕೊಂಡ ಹಾಗಲ್ಲ. 1937ರಲ್ಲಿ ರೈಷ್‌ಬಾನ್ ಪೂರ್ತಿಯಾಗಿ ನಾಜಿ ಸರ್ಕಾರದ ಕೈಗೆ ಬಂತು. ಅದರ ಮುಖ್ಯಸ್ಥ ಯೂಲಿಯುಸ್ ಡೋರ್ಪ್‌ಮ್ಯುಲರ್ ಸಾರಿಗೆ ಮಂತ್ರಿಯೂ ಆದ. ಯಹೂದಿಗಳನ್ನು ಸಾವಿನ ಕ್ಯಾಂಪುಗಳಿಗೆ ಸಾಗಿಸಿದ್ದು ಇದೇ ರೈಲು. ಅದಕ್ಕೆ ಲೆಕ್ಕ ಹಾಕಿ ಚಾರ್ಜು ಮಾಡಿತು. ಮೂರನೇ ದರ್ಜೆಯ ದರ, ಕಿಲೋಮೀಟರಿಗೆ 4 ಫೆನಿಗ್. ಹತ್ತು ವರ್ಷದೊಳಗಿನ ಮಕ್ಕಳಿಗೆ ಅರ್ಧ ಟಿಕೆಟ್, ನಾಲ್ಕರೊಳಗಿನವರಿಗೆ ಟಿಕೆಟ್ ಇಲ್ಲ. ಒಂದು ರೈಲಿನಲ್ಲಿ 400ಕ್ಕಿಂತ ಜಾಸ್ತಿ ಜನರಿದ್ದರೆ ಗುಂಪಿನ ರಿಯಾಯಿತಿ. ಜನರನ್ನು ತುಂಬಿದ್ದು ಎಷ್ಟೋ ಸಲ ಸಾಮಾನು ಸಾಗಿಸುವ ವ್ಯಾಗನ್ನುಗಳಲ್ಲಿ. ಬರ್ಲಿನ್ನಿನ ಗ್ರೂನೆವಾಲ್ಡ್ ಸ್ಟೇಷನ್ನಿನ 17ನೇ ಪ್ಲಾಟ್‌ಫಾರ್ಮಿನ ಅಂಚಿನುದ್ದಕ್ಕೂ 186 ಉಕ್ಕಿನ ಹಲಗೆಗಳಿವೆ. ಒಂದೊಂದರ ಮೇಲೂ ತಾರೀಖು, ಎಷ್ಟು ಜನ, ಎಲ್ಲಿಗೆ. ಅಲ್ಲಿಂದ ಈಗ ಯಾವ ರೈಲೂ ಹೊರಡುವುದಿಲ್ಲ.

ಸರಿ, ಈಗ ನೀವು ಕೇಳಿದ್ದಕ್ಕೆ ಬರುತ್ತೇನೆ.

1945ರಲ್ಲಿ ಜರ್ಮನಿ ನಾಲ್ಕು ಪಾಲಾಯಿತು. ಬರ್ಲಿನ್ ನಗರವೂ ನಾಲ್ಕು ಪಾಲಾಯಿತು. ಆದರೆ ನಗರದ ರೈಲನ್ನು ನಾಲ್ಕು ತುಂಡು ಮಾಡಿ ಓಡಿಸಲಾಗುತ್ತದೆಯೇ? ಸುತ್ತಲೂ ರಷ್ಯನ್ನರ ವಲಯ. ಹಾಗಾಗಿ ಇಡೀ ಬರ್ಲಿನ್ನಿನ ರೈಲನ್ನು, ಅಮೆರಿಕ, ಬ್ರಿಟನ್, ಫ್ರಾನ್ಸ್‌ಗಳ ಪಾಲಿನ ಹಳಿ, ಸ್ಟೇಷನ್ನುಗಳನ್ನೂ ಸೇರಿಸಿ, ರಷ್ಯನ್ ವಲಯದ ರೈಷ್‌ಬಾನ್ ನಡೆಸಿಕೊಂಡು ಹೋಗಲಿ ಅಂತ ಆಯಿತು. ಪೂರ್ವ ಜರ್ಮನಿ ಎಂಬ ದೇಶ ಹುಟ್ಟಿದ್ದು ಅದಾಗಿ ನಾಲ್ಕು ವರ್ಷಕ್ಕೆ, 1949ರ ಅಕ್ಟೋಬರ್ 7ರಂದು.

ಗಂಟು ಇಲ್ಲಿದೆ ನೋಡಿ. ಪಶ್ಚಿಮ ಬರ್ಲಿನ್ನಿನಲ್ಲಿ ರೈಲು ಓಡಿಸುವ ಹಕ್ಕು ಸಿಕ್ಕಿದ್ದು ರೈಷ್‌ಬಾನ್‌ಗೆ, ಪೂರ್ವ ಜರ್ಮನಿ ಸರ್ಕಾರಕ್ಕಲ್ಲ. ಆ ಸರ್ಕಾರಕ್ಕೆ ಪಶ್ಚಿಮ ಬರ್ಲಿನ್ನಿನಲ್ಲಿ ಯಾವ ಅಧಿಕಾರವೂ ಇಲ್ಲ ಅನ್ನುವುದೇ ಪಶ್ಚಿಮದವರ ಪಟ್ಟು. ಹೆಸರು ಬದಲಾಯಿಸಿ 'ಜನತಾ ರೈಲು' ಅಂತಲೋ ಇನ್ನೇನೋ ಇಟ್ಟಿದ್ದರೆ, 'ನಾವು ಒಪ್ಪಿದ್ದು ರೈಷ್‌ಬಾನ್‌ಗೆ, ನೀವ್ಯಾರು?' ಅಂತ ಕೇಳಲು ಅವಕಾಶ ಕೊಟ್ಟ ಹಾಗೆ. ಹೋಗುವುದು ಬರೀ ಹಳಿಯಲ್ಲ, ನಗರದ ನಡುವಿನ ಜಾಗ, ಯಾರ್ಡು, ಗೋದಾಮು ಎಲ್ಲ. ಅದಕ್ಕೇ ಮುಟ್ಟಲಿಲ್ಲ. ಕಾಲು ಊರಲು ಇದ್ದ ಜಾಗವನ್ನು ಒಂದು ಹೆಸರಿನ ಮುಜುಗರಕ್ಕೆ ಯಾರು ಬಿಟ್ಟುಕೊಡುತ್ತಾರೆ ಹೇಳಿ.

ಹಳೇ ಹೆಸರಿನ ಮೋಹ ಅಂತ ತಿಳಿಯಬೇಡಿ. ವಿಮಾನದಲ್ಲಿ ನೋಡಿ. ಪೂರ್ವ ಜರ್ಮನಿಯೂ 1955ರಲ್ಲಿ 'ಲುಫ್ತಾನ್ಸಾ' ಹೆಸರಲ್ಲೇ ವಿಮಾನ ಹಾರಿಸಲು ಹೊರಟಿತು. ಪಶ್ಚಿಮದಲ್ಲೂ ಅದೇ ಹೆಸರಿನ ಕಂಪನಿ ಇತ್ತು, ಜಗಳವಾಯಿತು. 1963ರಲ್ಲಿ ಆ ಹೆಸರನ್ನು ಕೈಬಿಟ್ಟು 'ಇಂಟರ್‌ಫ್ಲುಗ್' ಅಂತ ಮುಂದುವರಿದರು. ಅಲ್ಲಿ ಹೆಸರಿನಿಂದ ಲಾಭವಿರಲಿಲ್ಲ, ಬಿಟ್ಟರು. ರೈಲಿನಲ್ಲಿತ್ತು, ಇಟ್ಟುಕೊಂಡರು.

ಪಶ್ಚಿಮ ಜರ್ಮನಿ 1949ರಲ್ಲೇ 'ಬುಂಡೆಸ್‌ಬಾನ್' ಅಂತ ಬದಲಾಯಿಸಿಕೊಂಡಿತ್ತು. ಎರಡೂ ದೇಶ 1990ರಲ್ಲಿ ಒಂದಾದವು. ಎರಡೂ ರೈಲು ಒಂದಾಗಿದ್ದು 1994ರ ಜನವರಿ 1ಕ್ಕೆ, 'ಡಾಯ್ಚೆ ಬಾನ್' ಅಂತ. (ಅದು ಖಾಸಗಿಯಾಯಿತು ಅನ್ನುವುದು ಇನ್ನೊಂದು ಕಳೆ. ರೂಪ ಕಂಪನಿಯದು, ಷೇರು ನೂರಕ್ಕೆ ನೂರೂ ಸರ್ಕಾರದ್ದು. 2008ರಲ್ಲಿ ಒಂದಷ್ಟು ಪಾಲು ಮಾರಲು ಹೊರಟು, ಮಾರುಕಟ್ಟೆ ಕುಸಿದದ್ದರಿಂದ ಕೈಬಿಟ್ಟರು. ಇವತ್ತಿಗೆ ಇಷ್ಟು ಸಾಕು.)

ಯಾರೂ ಕೇಳದ ಒಂದು ಪ್ರಶ್ನೆಗೆ ಉತ್ತರ ಹೇಳಿಬಿಡುತ್ತೇನೆ. ಎದುರಾಳಿ ಸರ್ಕಾರದ ರೈಲು ನಿಮ್ಮ ಊರಿನೊಳಗೆ ಓಡಿದರೆ ಊರಿನವರು ಏನು ಮಾಡುತ್ತಾರೆ?

1961ರ ಆಗಸ್ಟ್ 13ರ ತನಕ ಎಲ್ಲರೂ ಹತ್ತುತ್ತಿದ್ದರು. ಆ ದಿನ ಗೋಡೆ ಎದ್ದಿತು. ಪಶ್ಚಿಮ ಬರ್ಲಿನ್ನಿನ ಮೇಯರ್ ವಿಲಿ ಬ್ರಾಂಟ್, ಕಾರ್ಮಿಕ ಸಂಘಗಳು ಎಲ್ಲರೂ ಎಸ್-ಬಾನ್ ಹತ್ತಬೇಡಿ ಅಂದರು. ಎಸ್-ಬಾನ್ ಅಂದರೆ ಅಲ್ಲಿನ ಲೋಕಲ್ ರೈಲು. 'ಎಸ್-ಬಾನ್ ಹತ್ತಿದವನೇ ಮುಳ್ಳುತಂತಿಗೆ ದುಡ್ಡು ಕೊಟ್ಟವನು' ಅನ್ನುವುದು ಆಗಿನ ಘೋಷಣೆ. ಟಿಕೆಟ್ ದುಡ್ಡು ಗೋಡೆ ಕಟ್ಟಿದವರ ಜೇಬಿಗೇ ಹೋಗುತ್ತಿತ್ತಲ್ಲ. ರೈಲಿನ ಪಕ್ಕದ ರಸ್ತೆಯಲ್ಲೇ ಬಸ್ಸು ಬಿಟ್ಟರು. ಜನ ಬಸ್ಸಿಗೆ ಹೋದರು, ರೈಲು ಖಾಲಿ ಓಡಿತು. ಖಾಲಿ ಓಡಿದರೂ ಪೂರ್ವದವರು ನಿಲ್ಲಿಸಲಿಲ್ಲ. ನಿಲ್ಲಿಸಿದರೆ ಹಕ್ಕು ಹೋದೀತು ಅನ್ನುವ ಭಯ. 1980ರ ಸೆಪ್ಟೆಂಬರಿನಲ್ಲಿ ಪಶ್ಚಿಮ ಬರ್ಲಿನ್ನಿನ ರೈಷ್‌ಬಾನ್ ನೌಕರರೇ ಮುಷ್ಕರ ಹೂಡಿದರು. ಕಾರ್ಮಿಕರ ಸರ್ಕಾರದ ವಿರುದ್ಧ ಕಾರ್ಮಿಕರ ಮುಷ್ಕರ! ಅದಾದ ಮೇಲೆ ಅಲ್ಲಿನ ಅರ್ಧಕ್ಕೂ ಜಾಸ್ತಿ ಮಾರ್ಗ ಮುಚ್ಚಿತು. ಕೊನೆಗೆ 1984ರ ಜನವರಿ 9ರಂದು ಪಶ್ಚಿಮ ಬರ್ಲಿನ್ನಿನ ಎಸ್-ಬಾನನ್ನು ಅಲ್ಲಿನ ನಗರ ಸಾರಿಗೆ ಸಂಸ್ಥೆಗೆ ಬಿಟ್ಟುಕೊಟ್ಟರು. ಹೆಸರು ಯಾವುದಕ್ಕಾಗಿ ಉಳಿಸಿಕೊಂಡಿದ್ದರೋ ಅದರ ದೊಡ್ಡ ಪಾಲು ಅಲ್ಲಿಗೆ ಹೋಯಿತು. ಹೆಸರು ಮಾತ್ರ ಇನ್ನೂ ಹತ್ತು ವರ್ಷ ಬಾಳಿತು.

ಆ ಕಾಲದ ಒಂದು ತುಣುಕು ಈಗಲೂ ನೋಡಲು ಸಿಗುತ್ತದೆ. ಟೆಂಪೆಲ್‌ಹೋಫ್‌ನ ದೊಡ್ಡ ರೈಲು ಯಾರ್ಡನ್ನು ರೈಷ್‌ಬಾನ್ 1952ರಲ್ಲಿ ನಿಲ್ಲಿಸಿಬಿಟ್ಟಿತು. ಜಾಗ ಪಶ್ಚಿಮದ ಒಳಗೆ, ಹಿಡಿತ ಪೂರ್ವದ್ದು, ಹಾಗಾಗಿ ವರ್ಷಗಟ್ಟಲೆ ಯಾರೂ ಕೈ ಹಾಕಲಿಲ್ಲ. ಕೈ ಹಾಕಿದ್ದು ಮರಗಳು. ಈಗ ಅದು ಸ್ಯುಡ್‌ಗೆಲೆಂಡೆ ಎಂಬ ಪಾರ್ಕು. ಎರಡು ಹಳಿಗಳ ನಡುವೆ ಸರಿಯಾಗಿ ಮಧ್ಯಕ್ಕೆ, ಯಾರೋ ಅಳತೆ ಇಟ್ಟು ನೆಟ್ಟ ಹಾಗೆ, ಬಿಳಿ ತೊಗಟೆಯ ಬರ್ಚ್ ಮರ ನಿಂತಿದೆ. ನಾನು ಕೈಯಿಟ್ಟು ನೋಡಿದ ಒಂದು ಕಡೆ ಬೇರು ಹಳಿಯನ್ನೇ ಸ್ವಲ್ಪ ಎತ್ತಿತ್ತು. ಇಂಜಿನ್ ತಿರುಗಿಸುವ ತಿರುಗುಮಣೆ, ನೀರಿನ ಟ್ಯಾಂಕಿನ ಗೋಪುರ, ಒಂದು ಕಪ್ಪು ಉಗಿ ಇಂಜಿನ್ ಇನ್ನೂ ಇವೆ. ಬರ್ಲಿನ್ನಿಗೆ ಹೋದರೆ ಎಸ್-ಬಾನ್‌ನಲ್ಲಿ ಪ್ರೀಸ್ಟರ್‌ವೇಗ್ ಸ್ಟೇಷನ್ನಿನಲ್ಲಿ ಇಳಿಯಿರಿ, ಗೇಟು ಪಕ್ಕದಲ್ಲೇ. ನಾನು ಹೋದಾಗ ಪ್ರವೇಶಕ್ಕೆ ಒಂದು ಯೂರೊ ಇತ್ತು, ಮಷಿನ್ನಿಗೆ ಹಾಕಬೇಕು. ಚಿಲ್ಲರೆ ಇಟ್ಟುಕೊಂಡು ಹೋಗಿ.